ಅಡಗುವುದಕ್ಕೊಂದು ಕ್ರಿಯಾಪದ

ಜನವರಿ 6, ಸೋಮವಾರ

ಇವತ್ತೂ ಕಾಂಜೂರ್‌ಮಾರ್ಗ್ ನೋಡಿ ಬಂದೆ. ಘಾಟ್ಕೋಪರಿನಿಂದ ಆಫೀಸಿರುವ ವಿಕ್ರೋಳಿಗೆ ಲೋಕಲ್‌ನಲ್ಲಿ ಒಂದೇ ಸ್ಟೇಷನ್. ಹತ್ತಿದವರು ಒಳಗೆ ಹೋಗಬಾರದು, ಬಾಗಿಲ ಬಳಿ ನಿಂತು ಮುಂದಿನವರನ್ನು ‘ವಿಕ್ರೋಳಿ?’ ಎಂದು ಕೇಳಿ ಜಾಗ ಅದಲುಬದಲು ಮಾಡಿಕೊಳ್ಳಬೇಕು. ಕೇಳುವ ಹೊತ್ತಿಗೆ ನನ್ನ ಬಾಯಿ ಕಟ್ಟಿಹೋಯಿತು. ಹೆಂಗಸರು ಒಳಕ್ಕೆ ನೂಕಿದರು, ವಿಕ್ರೋಳಿ ಬಂತು, ಹೋಯಿತು. ಕಾಂಜೂರ್‌ಮಾರ್ಗದಲ್ಲಿ ಇಳಿದು ಹಿಂದಕ್ಕೆ ಬಂದಾಗ ಆಫೀಸಿಗೆ ಇಪ್ಪತ್ತು ನಿಮಿಷ ತಡ. ನಮ್ಮ ಸಂಪಾದಕಿ ಮಾಧುರಿ ಮೇಡಂ ಗಡಿಯಾರ ನೋಡಿ ಮತ್ತೆ ತಮ್ಮ ಕೆಲಸಕ್ಕೆ ತಿರುಗಿದರು. ಬೈದಿದ್ದರೆ ಚೆನ್ನಾಗಿತ್ತು.

ಇದನ್ನು ಸಂಜೆ ಪ್ಲಾಟ್‌ಫಾರ್ಮಿನ ಬೆಂಚಿನ ಮೇಲೆ ಕೂತು ಬರೆಯುತ್ತಿದ್ದೇನೆ. ಮನೆಯಲ್ಲಿ ಬರೆಯಲು ಜಾಗವಿಲ್ಲ. ಕಾಕಾನ ಮನೆ ಎಂದರೆ ಒಂದು ಹಾಲ್, ಒಂದು ಅಡುಗೆಮನೆ. ಅಪ್ಪನ ತಮ್ಮ ಕಾಕಾ, ಅವರ ಹೆಂಡತಿ ಕಾಕು, ಮಗ ಅಮೋಲ್, ಈಗ ಅಕ್ಟೋಬರಿನಿಂದ ನಾನು. ನನ್ನ ಹಾಸಿಗೆ ಹೊಲಿಗೆ ಮಷೀನಿನ ಪಕ್ಕ. ಯಾರೂ ನನಗೆ ಒಂದು ಕೆಟ್ಟ ಮಾತು ಆಡಿಲ್ಲ. ಆದರೂ ಮನೆಯೊಳಗೆ ಓಡಾಡುವಾಗ ಯಾರದೋ ಕಾಲು ತುಳಿಯುತ್ತಿದ್ದೇನೆ ಅನ್ನಿಸುತ್ತಲೇ ಇರುತ್ತದೆ.

ಜನವರಿ 8, ಬುಧವಾರ

ಬುಧವಾರ ಮನೆಯಿಂದಲೇ ಕೆಲಸ. ಹೊಲಿಗೆ ಮಷೀನಿನ ಮೇಲೆ ಲ್ಯಾಪ್‌ಟಾಪ್ ಇಟ್ಟುಕೊಂಡು ಕೂತಿದ್ದೆ. ಕಾಕಾ ವಡಾಲದ ಗೋದಾಮಿಗೆ ಹೋಗಿದ್ದರು, ಅಮೋಲ್ ಕಾಲೇಜಿಗೆ. ಎರಡೂವರೆ ಆಗಿರಬೇಕು. ಕಾಕು ಪಾತ್ರೆ ತೊಳೆದು, ಸೆರಗಿಗೆ ಕೈ ಒರೆಸಿ, ಒಮ್ಮೆ ನನ್ನ ಕಡೆ ನೋಡಿ ಅಡುಗೆಮನೆಯ ಬಾಗಿಲನ್ನು ಅರ್ಧ ಮುಂದೆ ಮಾಡಿಕೊಂಡರು. ಅರ್ಧ ಬಾಗಿಲಿನಿಂದ ನನಗೆ ಕಂಡದ್ದು ಇಷ್ಟು: ಫ್ರಿಜ್ಜಿಗೂ ಗೋಡೆಗೂ ನಡುವಿನ ಸಂದಿಯಲ್ಲಿ, ಒಬ್ಬರು ಮಾತ್ರ ಹಿಡಿಸುವ ಜಾಗದಲ್ಲಿ, ಮಣೆ ಹಾಕಿಕೊಂಡು ಅತ್ತ ಮುಖ ಮಾಡಿ ಕೂತ ಕಾಕುವಿನ ಬೆನ್ನು. ತಲೆಯ ಮೇಲೆ ಸೆರಗು. ಸ್ವಲ್ಪ ಹೊತ್ತಿಗೆ ಅವರ ಭುಜ ಅಲುಗತೊಡಗಿತು. ಸದ್ದಿಲ್ಲ. ಕೆಳಗಿನ ಹೊಟೇಲಿನ ಎಕ್ಸಾಸ್ಟ್ ಫ್ಯಾನ್ ಹಗಲೆಲ್ಲ ಮೊರೆಯುತ್ತಿರುತ್ತದೆ, ಸದ್ದಿದ್ದರೂ ಕೇಳುತ್ತಿರಲಿಲ್ಲ.

ಕಾಲು ಗಂಟೆಯ ನಂತರ ಎದ್ದು ಬಂದು, ‘ಚಾ ಕುಡೀತಿ ಏನ ವೈಶೂ?’ ಎಂದರು. ಕಣ್ಣು ಕೆಂಪಗಿದ್ದವೋ ಏನೋ, ನೋಡುವ ಧೈರ್ಯವಾಗಲಿಲ್ಲ.

ಜನವರಿ 11, ಶನಿವಾರ

ಇವತ್ತೂ ಕೂತರು. ಇವತ್ತೂ ಭುಜ ಅಲುಗಿತು. ಇಪ್ಪತ್ತೆರಡು ವರ್ಷ ಈ ಮನೆಯಲ್ಲಿ, ಅಳುವುದಕ್ಕೆ ಸಿಕ್ಕಿದ್ದು ಫ್ರಿಜ್ಜಿನ ಸಂದಿ.

ಜನವರಿ 13, ಸೋಮವಾರ

ನಮ್ಮ ಆ್ಯಪ್ ದಿನಕ್ಕೊಂದು ಹಳೆಯ ಇಂಗ್ಲಿಷ್ ಪದದ ಕಾರ್ಡ್ ಕಳಿಸುತ್ತದೆ. ಅರ್ಥ, ಮೂಲ, ಒಂದು ಉದಾಹರಣೆ ವಾಕ್ಯ. ಕೆಳಗೆ ಮರಾಠಿ, ಹಿಂದಿ, ಕನ್ನಡ ಅನುವಾದ. ಎಲ್ಲಕ್ಕಿಂತ ಕೆಳಗೆ ಸಣ್ಣ ಅಕ್ಷರದಲ್ಲಿ ಬರೆದವರ ಹೆಸರು. ವಿಜಯಪುರದಲ್ಲಿ ಇಂಗ್ಲಿಷ್ ಎಂ.ಎ. ಮಾಡಿದ್ದಕ್ಕೆ ಸಿಕ್ಕ ಕೆಲಸ ಇದು. ಮಾರ್ಚ್ ಕೊನೆಯವರೆಗೆ ಪರೀಕ್ಷಾವಧಿ. ಆಮೇಲೆ ಇಟ್ಟುಕೊಳ್ಳುತ್ತಾರೋ ಇಲ್ಲವೋ ಗೊತ್ತಿಲ್ಲ. ಉದಾಹರಣೆಗಳನ್ನು ನಾವೇ ಹೊಸದಾಗಿ ಹುಟ್ಟಿಸಬೇಕು. ನನ್ನ ವಾಕ್ಯಗಳು ‘ಶಾಲೆಯ ಪುಸ್ತಕದ ಹಾಗಿವೆ’ ಎಂದು ಮೇಡಂ ಎರಡು ಸಲ ಹೇಳಿದ್ದಾರೆ.

ಇವತ್ತಿನ ಪದ ಲ್ಯಾಟಿಬ್ಯುಲೇಟ್. ಕ್ರಿಯಾಪದ. ಅರ್ಥ: ಯಾರಿಗೂ ಗೊತ್ತಾಗದ ಹಾಗೆ ಒಂದು ಮೂಲೆಯಲ್ಲಿ ಅಡಗಿಕೊಳ್ಳುವುದು. ಓದಿದ ಕೂಡಲೇ ಯಾರೋ ನನ್ನ ಹೆಸರು ಹಿಡಿದು ಕರೆದಂತಾಯಿತು. ನಾಲ್ಕು ನೂರು ವರ್ಷದ ಹಿಂದೆ ಕಠಿಣ ಪದಗಳ ಕೋಶ ಮಾಡಿದವನೊಬ್ಬ ಇದನ್ನು ಬರೆದಿಟ್ಟ. ಕೋಶಗಳ ಹೊರಗೆ ಇದನ್ನು ಯಾರಾದರೂ ಬಳಸಿದ್ದು ಸಿಗುವುದೇ ಅಪರೂಪ. ಅಡಗುವುದು ಎಂಬ ಪದ ತಾನೇ ಕೋಶದೊಳಗೆ ಅಡಗಿ ಕೂತಿದೆ.

ಮೂಲ ಲ್ಯಾಟಿನ್. ‘ಲಾಟೆರೆ’ ಎಂದರೆ ಮರೆಯಾಗಿರುವುದು. ಅದಕ್ಕೆ ‘ಬುಲಮ್’ ಸೇರಿದರೆ ಅದು ನಡೆಯುವ ಜಾಗ. ‘ಸ್ಟಾರೆ’, ನಿಲ್ಲುವುದು, ‘ಸ್ಟಾಬುಲಮ್’, ನಿಲ್ಲುವ ಜಾಗ, ಕುದುರೆಯ ಲಾಯ. ಹಾಗೆಯೇ ‘ಲಾಟಿಬುಲಮ್’, ಮರೆಯಾಗುವ ಜಾಗ. ಕಾಡುಪ್ರಾಣಿಯ ಬಿಲ, ಗವಿ. ಮನುಷ್ಯರಿಗಾದರೆ ಆಸರೆ ಎಂದೂ ಅರ್ಥವಿದೆ. ಅಂದರೆ ಈ ಕ್ರಿಯಾಪದದ ಹೊಟ್ಟೆಯಲ್ಲಿ ಒಂದು ಜಾಗವಿದೆ. ಜಾಗವಿಲ್ಲದವರು ಈ ಕ್ರಿಯೆ ಮಾಡುವಂತಿಲ್ಲ.

ಉದಾಹರಣೆ ಒಂದೇ ಉಸಿರಿಗೆ ಬಂತು. ಕನ್ನಡದಲ್ಲಿ ಹೀಗೆ ಇಟ್ಟೆ: ‘ಮನೆ ಖಾಲಿಯಾದ ಮಧ್ಯಾಹ್ನ ನನ್ನ ಕಾಕು ಫ್ರಿಜ್ಜಿನ ಹಿಂದಿನ ಮೂಲೆಯಲ್ಲಿ ಅಡಗಿ ಕೂರುತ್ತಾರೆ; ಅವರು ಅಳುವುದು ಯಾರಿಗೂ ಕೇಳಿಸುವುದಿಲ್ಲ.’

ಮೇಡಂ ಓದಿ ತಲೆಯೆತ್ತಿದರು. ‘ಇದು ವಾಕ್ಯ,’ ಎಂದರು.

ಜನವರಿ 20, ಸೋಮವಾರ

ಕಾರ್ಡ್ ಹೋಯಿತು. ಸಂಜೆಯ ಹೊತ್ತಿಗೆ ಒಂಬತ್ತು ಸಾವಿರ ಜನ ಹಂಚಿಕೊಂಡಿದ್ದರು. ‘ನನ್ನ ಅಮ್ಮನೂ ಹೀಗೇ’ ಎಂದು ಯಾರೋ ನಾಗಪುರದಿಂದ ಬರೆದಿದ್ದರು. ಆಫೀಸಿನಲ್ಲಿ ಮೊದಲ ಸಲ ನನ್ನನ್ನು ಚಹಾಕ್ಕೆ ಕರೆದರು. ಹೋದೆ, ಕಪ್ ಹಿಡಿದು ನಿಂತೆ, ಬಂದೆ. ಆದರೂ ಖುಷಿ. ಲೋಕಲ್‌ನಲ್ಲಿ ನನ್ನಷ್ಟಕ್ಕೆ ನಾನು ನಗುತ್ತಿದ್ದೆ.

ಜನವರಿ 22, ಬುಧವಾರ

ಅಮೋಲ್ ಹೆಮ್ಮೆಯಿಂದ ಮಾಡಿದ್ದು. ಅವನ ಮೇಲೆ ಸಿಟ್ಟಿಲ್ಲ. ‘ದೀದೀ, ತೇರಾ ಕಾರ್ಡ್ ವೈರಲ್ ಹೈ, ಫ್ಯಾಮಿಲಿ ಗ್ರೂಪ್ ಮೇ ಡಾಲಾ ಮೈನೇ!’ ಎನ್ನುತ್ತ ಮೊಬೈಲ್ ತೋರಿಸಿದ. ಅವನಿಗೆ ಕನ್ನಡ ಓದಲು ಬರುವುದಿಲ್ಲ, ಹಿಂದಿಯನ್ನೂ ಪೂರ್ತಿ ಓದಿರಲಿಲ್ಲ. ಸಣ್ಣ ಅಕ್ಷರದ ನನ್ನ ಹೆಸರು ಮಾತ್ರ ನೋಡಿದ್ದ. ಗ್ರೂಪಿನಲ್ಲಿ ಮೂವತ್ತೆಂಟು ಜನ, ಅವನೊಬ್ಬನನ್ನು ಬಿಟ್ಟು ಎಲ್ಲರಿಗೂ ಕನ್ನಡ ಓದಲು ಬರುತ್ತದೆ.

ಹತ್ತು ನಿಮಿಷಕ್ಕೆ ಸಿಂದಗಿಯಿಂದ ಕಾಕುವಿನ ಅಣ್ಣ ಅಣವೀರಪ್ಪನವರ ಫೋನ್ ಬಂತು. ಆಗಷ್ಟೇ ಗೋದಾಮಿನಿಂದ ಬಂದ ಕಾಕಾ ಅಂಗಿಯ ಗುಂಡಿ ಬಿಚ್ಚುತ್ತ ಫೋನೆತ್ತಿ ಸ್ಪೀಕರ್ ಒತ್ತಿದರು.

‘ಏನ ಗದಿಗೆಪ್ಪ ಮಾವಾರ, ನನ್ನ ತಂಗಿಗೆ ಕುಂತು ಅಳಾಕ ಒಂದು ಖುರ್ಚಿನೂ ಇಲ್ಲೇನ್ರಿ ನಿಮ್ಮ ಮುಂಬೈ ಮನ್ಯಾಗ?’

ಕಾಕಾ ಗುಂಡಿಯ ಮೇಲೆ ಕೈಯಿಟ್ಟುಕೊಂಡೇ ನಿಂತರು. ಏನಾಗಿದೆ ಎಂದು ಅವರಿಗೆ ತಿಳಿಯಲಿಲ್ಲ. ಅಮೋಲ್‌ನ ಮೊಬೈಲ್ ತೆಗೆದುಕೊಂಡು, ಕನ್ನಡಕ ಹಾಕಿಕೊಂಡು, ತುಟಿ ಅಲುಗಿಸುತ್ತ ಓದಿದರು. ಎರಡು ಸಲ ಓದಿದರು. ಆಮೇಲೆ ಕಾಕುವಿನ ಕಡೆ ನೋಡಿ ಮೆಲ್ಲಗೆ, ‘ಹೌದೇನ?’ ಎಂದರು.

ಕಾಕು ನನ್ನನ್ನು ನೋಡಿದರು. ಬೈದ ನೋಟವಲ್ಲ. ಬಾಗಿಲು ತಟ್ಟದೆ ಒಳಗೆ ಬಂದವರನ್ನು ನೋಡುವ ನೋಟ.

ಜನವರಿ 26, ಭಾನುವಾರ

ಕಾಕಾಗೆ ರಜೆ. ಬೆಳಿಗ್ಗೆಯೇ ಹೋಗಿ ಒಂದು ಖುರ್ಚಿ ತಂದರು. ಕೈಯಿರುವುದು, ಬೆನ್ನಿಗೆ ಹತ್ತಿಯ ದಿಂಬಿರುವುದು. ಹಾಲಿನಲ್ಲಿ ಪಂಖಾದ ಕೆಳಗೇ ಇಟ್ಟು, ‘ಇನ್ನ ಮ್ಯಾಲ ಇಲ್ಲಿ ಕುಂಡ್ರು. ಗಾಳಿ ಐತಿ, ಟೀವಿ ಐತಿ. ಮೂಲ್ಯಾಗ ಯಾಕ ಕುಂಡ್ರತಿ?’ ಎಂದರು. ಹೇಳುತ್ತ ದಿಂಬನ್ನು ಎರಡು ಸಲ ತಟ್ಟಿ ಸರಿಮಾಡಿದರು. ಆಮೇಲೆ ಅವರೂ ಅಮೋಲೂ ಸೇರಿ ಹಾಲಿನಲ್ಲಿದ್ದ ಕಬ್ಬಿಣದ ಕಪಾಟನ್ನು ತಳ್ಳಿಕೊಂಡು ಹೋಗಿ ಆ ಮೂಲೆಯಲ್ಲಿ ನಿಲ್ಲಿಸಿದರು. ಅಲ್ಲಿದ್ದ ತಗ್ಗು ಕಿಟಕಿ ಕಪಾಟಿನ ಹಿಂದೆ ಹೋಯಿತು. ಅಡುಗೆಮನೆಯಲ್ಲಿ ಹಗಲೇ ದೀಪ ಹಾಕಬೇಕಾಯಿತು.

ಕಾಕು ಖುರ್ಚಿಯಲ್ಲಿ ಕೂತರು. ಬಸ್ಸಿಗೆ ಕಾಯುವವರ ಹಾಗೆ, ತುದಿಯಲ್ಲಿ.

ಜನವರಿ 29, ಬುಧವಾರ

ಚಹಾ ಕೊಟ್ಟರು. ಕುಡೀತಿ ಏನ ಎಂದು ಕೇಳಲಿಲ್ಲ. ಇಟ್ಟು ಹೋದರು.

ಜನವರಿ 31, ಶುಕ್ರವಾರ

‘ಕಾಕು, ತಪ್ಪಾತು,’ ಎಂದೆ. ಅವರು ಸೊಪ್ಪು ಸೋಸುತ್ತಿದ್ದರು.

‘ನೀ ಏನ ತಪ್ಪ ಮಾಡಿ? ಕಂಡದ್ದ ಬರದಿ. ಕಲತಾಕಿ ನೀನು.’

ಮತ್ತೆ ಸೊಪ್ಪಿನ ಕಡೆ ತಿರುಗಿದರು. ಈ ಮನೆಯಲ್ಲಿ ನನ್ನ ಜೊತೆ ಮಾತಾಡುತ್ತಿದ್ದುದು ಅವರೊಬ್ಬರೇ ಎಂದು ಈಗ ಲೆಕ್ಕಕ್ಕೆ ಬಂತು.

ಫೆಬ್ರವರಿ 3, ಸೋಮವಾರ

ಬರೆಯುವಂಥದ್ದೇನೂ ಇಲ್ಲ.

ಫೆಬ್ರವರಿ 5, ಬುಧವಾರ

ಮಧ್ಯಾಹ್ನ ಕಾಕು ಜೋಳದ ಹಿಟ್ಟು ಹಾಕಿಸಲು ಗಿರಣಿಗೆ ಹೋದರು. ಎರಡೂವರೆಗೆ ನೀರಿಗೆಂದು ಅಡುಗೆಮನೆಗೆ ಹೋದೆ. ಕಪಾಟಿಗೂ ಗೋಡೆಗೂ ನಡುವೆ ನಾಲ್ಕು ಬೆರಳಿನಷ್ಟು ಸಂದಿ ಉಳಿದಿದೆ, ಅದರಿಂದ ಬೆಳಕಿನ ಒಂದು ಪಟ್ಟಿ ನೆಲದ ಮೇಲೆ ಬಿದ್ದಿತ್ತು. ಯಾಕೋ ಕಣ್ಣು ಹಚ್ಚಿ ನೋಡಿದೆ.

ಕಿಟಕಿಯ ಆಚೆ, ಹೊಟೇಲಿನ ಎಕ್ಸಾಸ್ಟ್ ಕೊಳವೆಯನ್ನು ದಾಟಿ, ಎದುರಿನ ಬಿಲ್ಡಿಂಗಿನ ಅಡುಗೆಮನೆಯ ಕಿಟಕಿ. ಅಲ್ಲಿ ಗ್ರಿಲ್ಲಿಗೆ ಮುಖ ಒತ್ತಿಕೊಂಡು ಒಬ್ಬ ಹೆಂಗಸು ನಿಂತಿದ್ದರು. ಐವತ್ತೈದರ ವಯಸ್ಸು, ಮ್ಯಾಕ್ಸಿಯ ಮೇಲೆ ಟವೆಲ್. ಕೈಯಲ್ಲಿ ಒಂದು ತಟ್ಟೆ. ತಟ್ಟೆಯನ್ನು ನಮ್ಮ ಕಿಟಕಿಯ ಕಡೆ ವಾಲಿಸಿ ತೋರಿಸಿದರು. ಕಾದರು. ನಮ್ಮ ಕಪಾಟಿನ ಬೆನ್ನಿಗೆ ತೋರಿಸುತ್ತಿದ್ದಾರೆ! ತಟ್ಟೆ ಕೆಳಗಿಟ್ಟು ಅಂಗೈ ತಿರುಗಿಸಿದರು: ಏನಾಯ್ತು? ಸಂದಿಯಲ್ಲಿ ನನ್ನ ಕಣ್ಣು ಅಲುಗಿದ್ದು ಕಂಡಿರಬೇಕು, ಮುಖ ಅರಳಿತು, ಕೈ ಮೇಲೆತ್ತಿದರು. ಮರುಕ್ಷಣ ಇದು ಆ ಕಣ್ಣಲ್ಲ ಎಂದು ತಿಳಿದು ಕೈ ಇಳಿಸಿದರು.

ನಾನು ನೀರು ಕುಡಿಯದೆ ಬಂದು ಮಷೀನಿನ ಮುಂದೆ ಕೂತೆ. ಭುಜ ಅಲುಗುತ್ತಿತ್ತು, ನಿಜ. ಅಳುವವರ ಭುಜವೂ ನಗುವವರ ಭುಜವೂ ಹಿಂದಿನಿಂದ ಒಂದೇ ಥರ ಕಾಣುತ್ತವೆ. ಎರಡು ವರ್ಷ ಎಂ.ಎ. ಓದಿ, ಬೆನ್ನು ನೋಡಿ ದುಃಖ ಅಂದುಕೊಂಡೆ. ನನಗೆ ಗೊತ್ತಿದ್ದದ್ದು ಅದೊಂದೇ ಆಗಿತ್ತೇನೋ.

ಫೆಬ್ರವರಿ 6, ಗುರುವಾರ

ಹೋದ ಕಾರ್ಡನ್ನು ಬದಲಿಸಬೇಕಾದರೆ ತಿದ್ದುಪಡಿ ಅರ್ಜಿ ಹಾಕಬೇಕು. ಅದು ಪರೀಕ್ಷಾವಧಿಯ ಫೈಲಿಗೆ ಹೋಗುತ್ತದೆ. ಮಾಧುರಿ ಮೇಡಂ ಅರ್ಜಿ ಓದಿ ಖುರ್ಚಿ ಹಿಂದಕ್ಕೆ ಸರಿಸಿದರು.

‘ಅಗಂ ಹುಡುಗಿ, ಈ ವರ್ಷ ಅತಿ ಹೆಚ್ಚು ಓಡಿದ ಕಾರ್ಡ್ ಇದು. ಅರ್ಥ ತಪ್ಪಾ?’

‘ಅರ್ಥ ಸರಿ ಇದೆ.’

‘ಲ್ಯಾಟಿನ್ ತಪ್ಪಾ?’

‘ಲ್ಯಾಟಿನ್ನೂ ಸರಿ. ಹೆಂಗಸು ತಪ್ಪು. ಅವರು ಅಡಗಿರಲಿಲ್ಲ, ಅಳುತ್ತಲೂ ಇರಲಿಲ್ಲ. ಕೇಳದೆ ಬರೆದೆ.’

‘ನಿಜವಾದ ಕಾಕುನಾ? ನಾನು ಕಲ್ಪನೆ ಅಂದುಕೊಂಡಿದ್ದೆ.’ ಹಣೆಗೆ ಕೈಯಿಟ್ಟುಕೊಂಡರು. ‘ಇದು ನಿನ್ನ ಫೈಲಿಗೆ ಹೋಗುತ್ತೆ, ಗೊತ್ತಲ್ಲ? ಮಾರ್ಚಿನಲ್ಲಿ ನಾನು ಏನೂ ಮಾಡೋಕಾಗಲ್ಲ.’

‘ಹೋಗಲಿ,’ ಎಂದೆ.

ರಿಕ್ಷಾದ ಕೆಳಗೆ ಅಡಗಿದ ಬೆಕ್ಕಿನ ಬಗ್ಗೆ ಒಂದು ವಾಕ್ಯ ಬರೆದು ಹಾಕಿದೆ. ಶಾಲೆಯ ಪುಸ್ತಕದ ಹಾಗೆಯೇ ಇದೆ.

ಬೆಳಿಗ್ಗೆ ಲೋಕಲ್‌ನಲ್ಲಿ ಬಾಗಿಲಿಗೆ ಅಡ್ಡ ನಿಂತವಳಿಗೆ ‘ಉತರ್ನಾ ಹೈ, ಸರಕೋ ನಾ!’ ಎಂದದ್ದಕ್ಕೆ ಅವಳು ವಿಕ್ರೋಳಿವರೆಗೂ ಬೈದಳು. ಈ ಊರಿನ ಹೆಂಗಸರ ಬಾಯಿ ಬಲು ಜೋರು.

ಫೆಬ್ರವರಿ 8, ಶನಿವಾರ

ಎದುರಿನ ಬಿಲ್ಡಿಂಗಿನ ಗೇಟು ಹಿಂದಿನ ಗಲ್ಲಿಯಲ್ಲಿದೆ. ನಮ್ಮ ಗೇಟಿನಿಂದ ಎಂಟು ನಿಮಿಷ ಸುತ್ತಬೇಕು. ವಾಚ್‌ಮನ್ ರಿಜಿಸ್ಟರ್ ಮುಂದಿಟ್ಟ. ಯಾರ ಮನೆ ಎಂಬಲ್ಲಿ ಏನು ಬರೆಯುವುದು? ‘ಎರಡನೇ ಮಹಡಿ, ಹೊಟೇಲಿನ ಎಕ್ಸಾಸ್ಟ್ ಎದುರಿನ ಅಡುಗೆಮನೆ’ ಎಂದೆ. ನಕ್ಕು ಬಿಟ್ಟ.

ಬಾಗಿಲು ತೆರೆದವರು ಅವರೇ. ಫೋನಿನಲ್ಲಿ ಯಾರ ಜೊತೆಗೋ ಮಾತಾಡುತ್ತಿದ್ದರು: ‘ಅತ್ತಿಗೆ, ಆಮೇಲೆ ಮಾಡ್ತೇನೆ ಆಯ್ತಾ, ಯಾರೋ ಬಂದಿದ್ದಾರೆ ಮಾರಾಯ್ರೆ.’ ಫೋನ್ ಇಳಿಸಿ ನನ್ನನ್ನು ನೋಡಿ ಹಿಂದಿಯಲ್ಲಿ ಕೇಳಿದರು: ‘ಬೋಲೋ?’

ಕನ್ನಡ! ಉಡುಪಿ ಕಡೆಯ, ಸ್ಪಷ್ಟವಾದ ಕನ್ನಡ. ‘ಅಮ್ಮಾ, ನಾವೂ ಕನ್ನಡದವರು’ ಎಂಬುದು ನನ್ನ ನಾಲಿಗೆಯ ತುದಿಗೆ ಬಂದಿತ್ತು. ಬಂದದ್ದನ್ನು ಹಿಡಿದೆ. ಈ ಸುದ್ದಿ ನನ್ನದಲ್ಲ. ಒಂದು ಸಲ ನನ್ನದಲ್ಲದ್ದನ್ನು ಹೇಳಿ ನೋಡಿಯಾಗಿದೆ.

ಎದುರಿನ ಕಿಟಕಿಯವರ ಮನೆಯವಳು ಎಂದು ಹಿಂದಿಯಲ್ಲೇ ಹೇಳಿದೆ. ಅವರು ನನ್ನ ಮೊಣಕೈ ಹಿಡಿದುಕೊಂಡರು. ‘ವೋ ಠೀಕ್ ಹೈ ನಾ? ಮೈ ತೋ ಡರ್ ಗಯೀ.’ ಒಂದು ದಿನ ನೋಡಿದರೆ ಕಿಟಕಿಯ ತುಂಬ ಕಬ್ಬಿಣದ ಬೆನ್ನಂತೆ.

ಒಳಗೆ ಕೂರಿಸಿ ನೀರು ಕೊಟ್ಟು ಹಿಂದಿಯಲ್ಲೇ ಮಾತು ಮುಂದುವರಿಸಿದರು. ಹೆಸರು ರಾಜೀವಿಯಂತೆ. ಎರಡು ವರ್ಷದಿಂದ ಗುರುತು. ಕಾಕುವಿನ ಹೆಸರು ಗೊತ್ತಿಲ್ಲ, ದನಿ ಕೇಳಿಲ್ಲ. ಎಕ್ಸಾಸ್ಟ್ ಸದ್ದಿನಲ್ಲಿ ಕೂಗಿದರೂ ಕೇಳುವುದಿಲ್ಲವಲ್ಲ. ಎಲ್ಲ ಕೈಯಲ್ಲೇ. ರಾಜೀವಿಯವರಿಗೆ ಮೊಮ್ಮಗು ಹುಟ್ಟಿದ್ದು ಕಾಕುವಿಗೆ ಗೊತ್ತು, ಕಾಕುವಿನ ದವಡೆ ಹಲ್ಲು ಕೀಳಿಸಿದ್ದು ಇವರಿಗೆ ಗೊತ್ತು. ದಿನಾ ಅಡುಗೆ ತೋರಿಸುವುದು. ‘ಮೀನು ಮಾಡಿದ ದಿನ ನಾನು ತಟ್ಟೆ ಮುಚ್ಚಿಕೊಂಡು ಹೀಗೆ ಬೆರಳು ಅಲ್ಲಾಡಿಸುತ್ತೇನೆ, ನಿಮಗಲ್ಲ ಅಂತ. ಅವರು ಮೂಗು ಮುಚ್ಚಿಕೊಂಡು ನಗುವುದೇನು! ಬೀಳುವ ಹಾಗೆ ನಗುತ್ತಾರೆ.’ ಹೇಳುತ್ತ ಅವರೂ ನಕ್ಕರು. ‘ತಲೆಯ ಮೇಲೆ ಸೆರಗು, ಬಿಳೀ ದೊಡ್ಡ ರೊಟ್ಟಿ. ಗುಜರಾತಿಯವರಲ್ಲವಾ ನೀವು?’

ನಾನು ತಲೆಯಾಡಿಸಿದೆ. ಹೌದು ಎಂದೂ ಅಲ್ಲ ಎಂದೂ ತಿಳಿಯಬಹುದಾದ ಹಾಗೆ.

‘ಕಪಾಟು ಯಾಕೆ ಇಟ್ಟರು? ನನ್ನಿಂದ ಏನಾದರೂ ತಪ್ಪಾಯಿತಾ?’

‘ನಿಮ್ಮಿಂದ ಅಲ್ಲ. ನನ್ನಿಂದ,’ ಎಂದೆ. ‘ತೆಗೆಸುತ್ತೇನೆ.’

ಮೆಟ್ಟಿಲಿಳಿಯುವಾಗ ಅರ್ಧದಲ್ಲೇ ನಿಂತೆ. ತೆಗೆಸುತ್ತೇನೆ ಅಂದವಳು ಯಾರು? ಕಾಕಾನ ಮುಂದೆ ನಾನು ಇವತ್ತಿನವರೆಗೆ ಆಡಿದ ಅತಿ ಉದ್ದದ ಮಾತು ‘ಹೂಂ ಕಾಕಾ’.

ಫೆಬ್ರವರಿ 9, ಭಾನುವಾರ

ಬೆಳಿಗ್ಗೆ. ಕಾಕಾ ಪೇಪರ್ ಓದುತ್ತಿದ್ದರು. ಅಮೋಲ್ ಮಲಗಿದ್ದ. ಅಡುಗೆಮನೆಯಲ್ಲಿ ಕಾಕು ರೊಟ್ಟಿ ಬಡಿಯುವ ಸದ್ದು.

‘ಕಾಕಾ, ಆ ಕಪಾಟು ಅಲ್ಲಿಂದ ತೆಗೀಬೇಕು.’

ಪೇಪರ್ ಇಳಿಯಿತು. ‘ಯಾಕವಾ?’

‘ಅದು ಕಾಕು ಕುಂಡ್ರೂ ಜಾಗ.’

‘ಕುಂಡ್ರಾಕ ಖುರ್ಚಿ ತಂದೀನಲ್ಲ. ಮೂಲ್ಯಾಗ ಕುಂತು ಅಳೂದು ಬ್ಯಾಡ ಅಂತನ ಅಲ್ಲೇನ ನಾ ಕಪಾಟ ಇಟ್ಟದ್ದು? ನೀನ ಬರದಿ.’

‘ನಾ ಸುಳ್ಳ ಬರದೆ, ಕಾಕಾ.’

‘ಎಂ.ಎ. ಮಾಡಿ ಸುಳ್ಳ ಬರೀತಿ ಏನ? ಅದಕ್ಕ ಪಗಾರ ಬ್ಯಾರೆ ಕೊಡತಾರ?’

ಅಮೋಲ್ ಹೊದಿಕೆಯೊಳಗೆ ನಕ್ಕ. ನನಗೆ ಅಳು ಬಂತು. ಆದರೆ ಮಾತು ನಿಲ್ಲಲಿಲ್ಲ, ಅದೊಂದು ಪುಣ್ಯ. ‘ಸುಳ್ಳಂತ ಗೊತ್ತಿದ್ದಿಲ್ಲ. ಕೇಳದ ಬರದೆ. ಕಾಕು ಅಲ್ಲಿ ಅಳಾಕ ಕುಂಡ್ರತಿದ್ದಿಲ್ಲ. ಆಫೀಸಿನ್ಯಾಗೂ ಹೇಳಿ ತೆಗಿಸೀನಿ. ಸಿಂದಗಿಗೂ ನಾನ ಫೋನ್ ಮಾಡಿ ಹೇಳತೀನಿ.’

‘ಅಳಾಕ ಅಲ್ಲಂದ್ರ ಮತ್ತೇನ ಮಾಡತಾಳ ಅಲ್ಲಿ?’

ಒಳಗೆ ರೊಟ್ಟಿಯ ಸದ್ದು ನಿಂತಿತು.

‘ಅದನ್ನ ನಾ ಹೇಳೂದಿಲ್ಲ,’ ಎಂದೆ.

ಕಾಕಾ ನನ್ನನ್ನು ನೋಡಿದರು, ಅಡುಗೆಮನೆಯ ಬಾಗಿಲನ್ನು ನೋಡಿದರು. ಅವರ ಮುಖದಲ್ಲಿ ಸಿಟ್ಟು ಹುಡುಕಿದೆ. ಇರಲಿಲ್ಲ. ಎಷ್ಟೋ ದಿನದಿಂದ ಹೊತ್ತಿದ್ದ ಏನನ್ನೋ ಇಳಿಸಿದವರ ಹಾಗೆ ಕಂಡರು. ‘ಅಂದ್ರ ಆಕಿ ಅಳತಿದ್ದಿಲ್ಲ,’ ಎಂದು ಮತ್ತೊಮ್ಮೆ ಕೇಳಿದರು.

‘ಇಲ್ಲ ಕಾಕಾ. ಖರೇನ.’

ಪೇಪರ್ ಮಡಚಿದರು. ‘ಅಮೋಲ್ಯಾ, ಏಳ. ಕಪಾಟ ಹಿಡಿ.’

‘ಪಪ್ಪಾ, ಫಿರ್ ಸೇ? ಸಂಡೇ ಹೈ ಯಾರ್!’

ನೆಲದ ಮೇಲೆ ಕಪಾಟು ಕಿರುಚಿಕೊಂಡು ಬರುವಾಗ ಅಡುಗೆಮನೆಗೆ ಬಿಸಿಲು ಬಂತು. ಕಾಕು ಹಿಟ್ಟು ನಾದುವ ಕೊಣಮಿಗೆಯಲ್ಲಿ ಕೈಯಿಟ್ಟುಕೊಂಡು ಒಲೆಯ ಕಡೆಗೇ ಮುಖ ಮಾಡಿ ನಿಂತಿದ್ದರು. ಸಿಂದಗಿಗೆ ಫೋನ್ ಮಾಡಿದೆ. ಅಣವೀರಪ್ಪನವರು ನನಗೆ ಹದಿನೈದು ನಿಮಿಷ ಬೈದರು. ಕೇಳಿಸಿಕೊಂಡೆ.

ಫೆಬ್ರವರಿ 12, ಬುಧವಾರ

ಎರಡೂವರೆಗೆ ಕಾಕು ಪಾತ್ರೆ ತೊಳೆದು ಕೈ ಒರೆಸಿಕೊಂಡರು. ನಾನು ಕಣ್ಣನ್ನು ಲ್ಯಾಪ್‌ಟಾಪಿನ ಮೇಲೆ ನೆಟ್ಟು, ಬೇಕೆಂದೇ ಬಾಗಿಲಿಗೆ ಬೆನ್ನು ಮಾಡಿ ಕೂತೆ. ಬಾಗಿಲು ಮುಂದೆ ಹೋಗುವ ಸದ್ದು ಬರಲಿಲ್ಲ.

‘ವೈಶೂ.’

ಹೋದೆ. ಮಣೆಯ ಮೇಲೆ ಕೂತಿದ್ದರು.

‘ಶನಿವಾರ ಆಕಿ ಮನೀಗೆ ಹೋಗಿದ್ಯಂತ. ಕೈ ಮಾಡಿ ಹೇಳಿದ್ಲು ಮೊನ್ನೆ. ನಿನ್ನ ಹಂಗ ಬೆನ್ನ ಬಗ್ಗಿಸಿ ನಡದು ತೋರಿಸಿದ್ಲು, ಗೊತ್ತಾತು.’

ನಾನು ಬೆನ್ನು ನೆಟ್ಟಗೆ ಮಾಡಿದೆ.

‘ಕೇರಳದಾಕಿ ಇರಬೇಕು ಅಂತ ನಾ. ತೆಂಗಿನಕಾಯಿ ಬಾಳ ಹೆರೀತಾಳ.’ ಸೆರಗು ಸರಿಮಾಡಿಕೊಂಡು ಕೇಳಿದರು: ‘ಯಾವ ಊರಾಕಿ? ಏನ ಭಾಷಾ?’

‘ಗೊತ್ತೈತಿ,’ ಎಂದೆ. ‘ಹೇಳಲ್ಯಾ?’

ಕಾಕು ನನ್ನ ಮುಖ ನೋಡಿದರು. ಅದರಲ್ಲಿ ಏನು ಕಂಡಿತೋ, ಹುಬ್ಬು ಮೇಲೇರಿತು, ತುಟಿಯಲ್ಲಿ ಏನೋ ಮಿಸುಕಿತು. ಕಿಟಕಿಯ ಕಡೆ ತಿರುಗಿದರು. ಎಕ್ಸಾಸ್ಟ್ ಮೊರೆಯುತ್ತಿತ್ತು.

‘ಬ್ಯಾಡ,’ ಎಂದರು. ‘ಗೊತ್ತಾದ್ರ ಮಾತಾಡಬೇಕಾಗ್ತದ. ಮನ್ಯಾಗ ಎಲ್ಲಾರ ಜೋಡಿ ಮಾತಾಡಿ ಸಾಕಾಗೇತಿ.’

ಆಮೇಲೆ ಫ್ರಿಜ್ಜಿನ ಕಡೆ ಒತ್ತಿಕೊಂಡು ಗೇಣು ಜಾಗ ಮಾಡಿದರು. ಒಬ್ಬರಿಗೇ ಆಗುವ ಜಾಗ ಅದು. ನಾನು ಅರ್ಧ ಮಣೆಯ ಮೇಲೆ, ಅರ್ಧ ನೆಲದ ಮೇಲೆ ಕೂತೆ. ಎದುರಿನ ಕಿಟಕಿಗೆ ರಾಜೀವಿಯವರು ಬಂದರು. ನನ್ನನ್ನು ಕಂಡು ಬೆರಳು ತೋರಿಸಿ, ಆ ಬೆರಳನ್ನು ಕಾಕುವಿನ ಕಡೆ ತಿರುಗಿಸಿ, ಅಂಗೈ ಮೇಲೆ ಮಾಡಿದರು. ಇವಳು ನಿಮಗೆ ಏನಾಗಬೇಕು?

ಕಾಕು ಯೋಚಿಸಲಿಲ್ಲ. ನನ್ನ ಜಡೆ ಹಿಡಿದು ಒಮ್ಮೆ ಜಗ್ಗಿ, ತಮ್ಮ ಹಣೆ ಬಡಿದುಕೊಂಡು, ಎರಡೂ ಕೈ ಬೊಗಸೆ ಮಾಡಿ ಮಡಿಲಿಗೆ ಏನನ್ನೋ ಇಳಿಸಿಕೊಂಡಂತೆ ತೋರಿಸಿದರು. ಆಚೆ ರಾಜೀವಿಯವರು ಗ್ರಿಲ್ ಹಿಡಿದುಕೊಂಡು ನಕ್ಕರು, ಕಣ್ಣೊರೆಸಿಕೊಂಡರು, ನನಗೆ ತಲೆದೂಗಿದರು.

ಅದರ ಅರ್ಥವೇನೆಂದು ನಾನು ಕೇಳಲಿಲ್ಲ.